ಜಿಂಕೆ ಯಾಕೆ ಸೊರಗಿತ್ತು? ಕಥೆ ತಿಂದವರ ಒಂದು ಹಳೇ ಕೇಸು

ರಾಜನಿಗೆ ಹುಷಾರಿಲ್ಲ. ಊರು ಪ್ರತಿಷ್ಠಾನ, ಅಂದ್ರೆ ಈಗಿನ ಮಹಾರಾಷ್ಟ್ರದಲ್ಲಿ ಗೋದಾವರಿ ದಂಡೆ ಮೇಲಿರೋ ಪೈಠಣ. ರಾಜ ಸಾತವಾಹನ. ವೈದ್ಯರು ಬಂದು ನೋಡಿ, ಒಣಕಲು ಮಾಂಸ ತಿಂದು ತಿಂದು ಬಂದಿರೋ ಕಾಯಿಲೆ ಇದು ಅಂದ್ರು. ರಾಜ ಅಡುಗೆಯವರನ್ನ ಕರೆಸಿ ಬೈದ. ಅವರು "ನಮ್ದೇನಿದೆ ಬುದ್ಧಿ, ಬೇಡರು ತಂದ್ಕೊಡೋ ಮಾಂಸಾನೇ ಹಂಗಿರತ್ತೆ" ಅಂತ ಕೈ ತೊಳ್ಕೊಂಡ್ರು. ಬೇಡರನ್ನ ಹಿಡ್ಕೊಂಡು ಕೇಳಿದ್ರೆ ಅವರು ಹೇಳಿದ್ದೇ ಬೇರೆ: ಇಲ್ಲೇ ಹತ್ರ ಒಂದು ಬೆಟ್ಟದ ಮೇಲೆ ಒಬ್ಬ ಬ್ರಾಹ್ಮಣ ಬೆಂಕಿ ಹಾಕ್ಕೊಂಡು ಕೂತವ್ನೆ, ಒಂದು ಎಲೆ ಓದ್ತಾನೆ, ಬೆಂಕಿಗೆ ಹಾಕ್ತಾನೆ, ಇನ್ನೊಂದು ಓದ್ತಾನೆ, ಅದನ್ನೂ ಹಾಕ್ತಾನೆ, ಕಾಡಲ್ಲಿರೋ ಪ್ರಾಣಿ ಎಲ್ಲಾ ಅವನ ಸುತ್ತ ನಿಂತ್ಕೊಂಡು ಕೇಳ್ತವೆ, ಮೇಯೋಕೇ ಹೋಗಲ್ಲ, ಹಸಿದು ಹಸಿದು ಮಾಂಸ ಒಣಗಿಹೋಗಿದೆ.

ಅಡುಗೆಮನೆ ಕಂಪ್ಲೇಂಟು ಎರಡೇ ವಿಚಾರಣೆಗೆ ಒಂದು ಗ್ರಂಥದ ಬುಡಕ್ಕೆ ಬಂದು ನಿಲ್ತು. ಈಗಿನ ಯಾವ ಆಡಿಟ್‌ನಲ್ಲೂ ಇಷ್ಟು ಬೇಗ ಮೂಲ ಸಿಗಲ್ಲ ಬಿಡಿ.

ಇದು ಗುಣಾಢ್ಯನ ಕೇಸು, ಬೆಟ್ಟದ ಮೇಲೆ ಕೂತಿದ್ದ ಆ ಬ್ರಾಹ್ಮಣ ಇವನೇ, ಸುಡ್ತಿದ್ದಿದ್ದು ತಾನೇ ಬರೆದ ಬೃಹತ್ಕಥೆ. ಕಾಶ್ಮೀರದ ಸೋಮದೇವ 11ನೇ ಶತಮಾನದಲ್ಲಿ, ಅಲ್ಲಿನ ಅನಂತ ರಾಜನ ರಾಣಿ ಸೂರ್ಯವತಿಗೋಸ್ಕರ ಕಥಾಸರಿತ್ಸಾಗರ ಬರೆದನಲ್ಲ, ಅದರ ಮೊದಲನೇ ಭಾಗ ಕಥಾಪೀಠ, ಅಲ್ಲಿ ಬರುತ್ತೆ. ಇತಿಹಾಸದಲ್ಲಿ ನಿಜಕ್ಕೂ ಹಿಂಗೇ ಆಯ್ತು ಅಂತ ನಾನು ಹೇಳ್ತಿಲ್ಲ, ಇದು ಶಾಪ, ಯಕ್ಷ, ಪಿಶಾಚಿ, ವಿದ್ಯಾಧರ ಎಲ್ಲಾ ಆರಾಮಾಗಿ ಓಡಾಡೋ ಲೋಕ. ಆದ್ರೆ ಆ ಲೋಕದ ಒಳಗಡೆ ಲೆಕ್ಕ ಪಕ್ಕಾ ಇದೆ, ಅದಕ್ಕೇ ಕೇಸ್ ಸ್ಟಡಿ ಮಾಡೋಕೆ ಆಗುತ್ತೆ.

ನನಗೆ ಇದು ಬೇಕಾಗಿದ್ದು ಸ್ವಾರ್ಥಕ್ಕೆ. ಎರಡು ವರ್ಷದಿಂದ ಒಂದು ಫ್ಯಾಂಟಸಿ ಕಥೆ ಬರೀತಾ ಇದೀನಿ, ಅದರಲ್ಲಿ ಕಥೆ ತಿಂದು ಬದುಕೋ ಒಂದು ಪ್ರಾಣಿ ಇದೆ, ತಿಂಡಿಪೋತ ಇದ್ದ ಹಾಗೆ ಇದು ಕಥೆಪೋತ ಅಂತ ಹೆಸರೂ ಇಟ್ಟಿದ್ದೆ. ಊರಿಗೆ ನುಗ್ಗುತ್ತೆ, ಅಜ್ಜಿಯರ ಬಾಯಿಂದ ಕಥೆ ಕಿತ್ಕೊಂಡು ತಿನ್ನುತ್ತೆ, ಊರಲ್ಲಿ ಆ ಕಥೆ ಯಾರಿಗೂ ನೆನಪಿರಲ್ಲ, ಪ್ರಾಣಿ ಮಾತ್ರ ದಪ್ಪ ಆಗ್ತಾ ಹೋಗುತ್ತೆ. ಬರೆದು ಬರೆದು 4ನೇ ಅಧ್ಯಾಯಕ್ಕೆ ಬೋರ್ ಹೊಡೀತು. ಸಮಸ್ಯೆ ಏನಂದ್ರೆ ನನ್ನ ಕಥೆಪೋತ ಹೊಲಕ್ಕೆ ನುಗ್ಗೋ ಹಂದಿ ಥರಾನೇ ಇತ್ತು, ರಾಗಿ ಬದಲು ಕಥೆ ತಿನ್ನುತ್ತೆ ಅಷ್ಟೇ, ಮಿಕ್ಕಿದ್ದೆಲ್ಲ ಸೇಮ್. ಆಗ ಈ ಜಿಂಕೆಗಳು ನೆನಪಾದ್ವು. ಇವು ಕಥೆ ತಿಂದು ದಪ್ಪ ಆಗ್ಲಿಲ್ಲ, ಸೊರಗಿದ್ವು. ಇದೇನಪ್ಪಾ ಉಲ್ಟಾ ಅಂತ ಕೂತು ಇಡೀ ಕೇಸನ್ನ ಬುಡದಿಂದ ಓದ್ದೆ.

ಕಥೆ ಎಲ್ಲಿಂದ ಬಂತು

ಒಂದಿನ ಪಾರ್ವತಿ ಶಿವನ ಹತ್ರ, ಇದುವರೆಗೂ ಯಾರೂ ಕೇಳಿರದ ಹೊಸಾ ಕಥೆ ಹೇಳು ಅಂತಾಳೆ. ಶಿವ ಸರಿ ಅಂತ ಬಾಗಿಲಿಗೆ ನಂದಿನ ಕಾವಲಿಟ್ಟು ಏಳು ವಿದ್ಯಾಧರರ ಕಥೆ ಶುರು ಮಾಡ್ತಾನೆ. ಪುಷ್ಪದಂತ ಅಂತ ಒಬ್ಬ ಗಣ, ಶಿವನಿಗೆ ಭಾರೀ ಹತ್ತಿರದವನು, ಒಳಗೆ ಬಿಡಲ್ಲ ಅಂದ್ರೆ ತಡ್ಕೊಳೋಕಾಗ್ದೆ ಯೋಗಶಕ್ತಿಯಿಂದ ಕಾಣದ ಹಾಗೆ ಒಳಗೆ ನುಗ್ಗಿ ಪೂರಾ ಕೇಳಿಬಿಡ್ತಾನೆ. ಕೇಳಿದ್ಮೇಲೆ ಸುಮ್ನಿರ್ತಾನಾ, ಮನೆಗೆ ಹೋಗಿ ಹೆಂಡತಿ ಜಯಾಗೆ ಹೇಳ್ತಾನೆ. ಜಯಾ ಸುಮ್ನಿರ್ತಾಳಾ, ಅವಳು ಪಾರ್ವತಿ ಹತ್ರಾನೇ ಕೆಲಸಕ್ಕಿರೋಳು, ಹೋಗಿ ಪಾರ್ವತಿ ಎದುರಿಗೇ ಅದೇ ಕಥೆ ಒಪ್ಪಿಸ್ತಾಳೆ!

ಪಾರ್ವತಿಗೆ ಕೋಪ ಬಂದಿದ್ದು ಯಾಕೆ ಅನ್ನೋದು ನನಗೆ ಇಲ್ಲಿ ಮುಖ್ಯ. ಕಳ್ಳತನ ಆಮೇಲಿನ ಮಾತು, ಮೊದಲು ಅವಳು ಶಿವನ ಮೇಲೇ ರೇಗ್ತಾಳೆ, ನೀನು ಹೊಸಾ ಕಥೆ ಅಂದೆ, ಇದು ಜಯಾಗೂ ಗೊತ್ತು ಅಂತ. ನಮ್ಮ ಮನೆಗಳಲ್ಲಿ ಎಂಜಲು ಅಂತೀವಲ್ಲ, ಬೇರೆಯವರ ಬಾಯಿ ಮುಟ್ಟಿದ್ದು, ಹಂಗೆ. ಇನ್ನೂ ಎಲೆ ಮುಂದೆ ಕೂರೋ ಮುಂಚೆನೇ ಯಾರೋ ಕೈ ಹಾಕಿ ಹೋಗಿದಾರೆ ಅನ್ನೋ ಸಿಟ್ಟು ಅದು. ಸೋಮದೇವ ಎಂಜಲು ಅನ್ನೋ ಮಾತು ಬಳಸಲ್ಲ, ಅದು ನನ್ನದು, ಆದ್ರೆ ಈ ಲೋಕದಲ್ಲಿ ಕಥೆ ಅನ್ನೋದು ಮೊದಲಿಂದಾನೂ ತಿನ್ನೋ ಪದಾರ್ಥದ ಥರಾನೇ ನಡ್ಕೊಳ್ಳುತ್ತೆ ಅನ್ನೋದಕ್ಕೆ ಇದು ಮೊದಲ್ನೇ ಸಾಕ್ಷಿ.

ಶಾಪ ಬಿತ್ತು. ಪುಷ್ಪದಂತ ಮನುಷ್ಯನಾಗಿ ಹುಟ್ಟಬೇಕು. ಅವನ ಪರ ಮಾತಾಡೋಕೆ ಬಂದ ಮಾಲ್ಯವಂತ ಅನ್ನೋ ಇನ್ನೊಬ್ಬ ಗಣನಿಗೂ ಅದೇ ಗತಿ, ಪಾಪ, ವಕೀಲಿಕೆ ಮಾಡಿದ್ದಕ್ಕೆ ಜೈಲು. ಬಿಡುಗಡೆ ಷರತ್ತು ಏನಪ್ಪಾ ಅಂದ್ರೆ, ವಿಂಧ್ಯದ ಕಾಡಲ್ಲಿ ಕಾಣಭೂತಿ ಅಂತ ಒಬ್ಬ ಪಿಶಾಚ ಇದಾನೆ, ಅವನೂ ಒರಿಜಿನಲ್ ಪಿಶಾಚ ಅಲ್ಲ, ಕುಬೇರನ ಶಾಪ ತಿಂದಿರೋ ಸುಪ್ರತೀಕ ಅನ್ನೋ ಯಕ್ಷ. ಪುಷ್ಪದಂತ ಇವನಿಗೆ ಕಥೆ ಹೇಳಿದ್ರೆ ಪುಷ್ಪದಂತ ಮುಕ್ತ. ಕಾಣಭೂತಿ ಅದನ್ನ ಮಾಲ್ಯವಂತನಿಗೆ ಹೇಳಿದ್ರೆ ಕಾಣಭೂತಿ ಮುಕ್ತ. ಮಾಲ್ಯವಂತ ಅದನ್ನ ಲೋಕಕ್ಕೆಲ್ಲ ಹರಡಿದ್ರೆ ಅವನೂ ಮುಕ್ತ. ಅಂದ್ರೆ ಕಥೆ ಇಟ್ಕೊಂಡಿರೋ ತನಕ ಭಾರ, ಕೈ ಬದಲಾಯಿಸಿದ ಕ್ಷಣ ಬಿಡುಗಡೆ.

(ನಮ್ಮ ಕಡೆದೇ ಒಂದು ಜನಪದ ಕಥೆ ಇದೆಯಲ್ಲ, ಎ.ಕೆ. ರಾಮಾನುಜನ್ ಸಂಗ್ರಹಿಸಿದ್ದು, ಒಬ್ಬ ಹೆಂಗಸಿಗೆ ಒಂದು ಕಥೆ ಒಂದು ಹಾಡು ಗೊತ್ತಿತ್ತು, ಯಾರಿಗೂ ಹೇಳ್ಲಿಲ್ಲ, ಅವು ಒಳಗೇ ಉಸಿರುಗಟ್ಟಿ ಒಂದಿನ ಅವಳು ಬಾಯಿ ಬಿಟ್ಕೊಂಡು ಮಲಗಿದ್ದಾಗ ಹೊರಗೆ ಬಂದು, ಒಂದು ಗಂಡಸಿನ ಕೋಟಾಗಿ ಗೂಟಕ್ಕೆ ನೇತಾಡ್ತು, ಇನ್ನೊಂದು ಜೋಡಾಗಿ ಬಾಗಿಲಲ್ಲಿ ಕೂತ್ಕೊಳ್ತು, ಗಂಡ ಬಂದು ನೋಡಿ ಯಾರೇ ಬಂದಿರೋದು ಅಂತ ಜಗಳ. ಅದೇ ತರ್ಕ. ಹೇಳದೇ ಇಟ್ಕೊಂಡ ಕಥೆ ಮನೆ ಮುರಿಯುತ್ತೆ.)

ಪಿಶಾಚದ ಊಟ

ಪುಷ್ಪದಂತ ಕೌಶಾಂಬಿಯಲ್ಲಿ ವರರುಚಿಯಾಗಿ ಹುಟ್ಟಿ, ಒಂದ್ಸಲ ಕೇಳಿದ್ದನ್ನ ಮರೀದೇ ಇರೋ ತಲೆ ಇಟ್ಕೊಂಡು, ನಂದರಾಜನ ಮಂತ್ರಿಗಿರಿ ಎಲ್ಲಾ ಮುಗಿಸಿ ಕೊನೆಗೆ ವಿಂಧ್ಯಕ್ಕೆ ಬರ್ತಾನೆ. ಅಲ್ಲಿ ಕಾಣಭೂತಿ, ಸಾಲವೃಕ್ಷದಷ್ಟು ಎತ್ತರ, ಸುತ್ತ ನೂರಾರು ಪಿಶಾಚಗಳು. ವರರುಚಿಗೆ ಹಳೇದೆಲ್ಲ ನೆನಪಾಗಿ ಏಳು ಲಕ್ಷ ಶ್ಲೋಕದಷ್ಟು ಉದ್ದದ ಏಳು ಕಥೆ ಹೇಳಿ ತನ್ನ ದಾರಿ ಹಿಡೀತಾನೆ.

ಪಿಶಾಚ ಅನ್ನೋ ಪದಕ್ಕೆ ಹಳೇ ಸಂಸ್ಕೃತ ಪಂಡಿತರು ಕೊಡೋ ಅರ್ಥ ಏನು ಗೊತ್ತಾ? ಪಿಶಿತ ಅಂದ್ರೆ ಮಾಂಸ, ಅದನ್ನ ತಿನ್ನೋನು ಪಿಶಾಚ. ಹೆಸರಲ್ಲೇ ಹಸಿ ಮಾಂಸ ಇದೆ. ಆದ್ರೆ ಇಡೀ ಕಥಾಪೀಠದಲ್ಲಿ ಈ ಕಾಣಭೂತಿ ಮಾಂಸ ತಿಂದಿದ್ದು ನಾನು ನೋಡ್ಲಿಲ್ಲ. ಅವನು ಮಾಡೋ ಕೆಲಸ ಎರಡೇ, ಕಾಯೋದು, ಕೇಳೋದು. ಆಮೇಲೆ ಹೇಳೋದು, ಸರಿ, ಮೂರು. ಹಗಲು ನಮಗೆ ಶಕ್ತಿ ಇರಲ್ಲ, ರಾತ್ರಿ ಆಗ್ಲಿ ಅಂತ ಅವರವರಲ್ಲೇ ಮಾತಾಡ್ಕೊಳ್ಳೋ ಒಂದು ಜಾಗ ಇದೆ, ಅದನ್ನ ಓದಿದಾಗ ನನಗೆ ನಮ್ಮೂರ ಜಾತ್ರೆ ಟೈಮಲ್ಲಿ ರಾತ್ರಿ ಆಟಕ್ಕೆ ಚಾಪೆ ಹಾಸ್ಕೊಂಡು ಕಾಯ್ತಾ ಕೂರೋ ಜನಾನೇ ಕಣ್ಣಿಗೆ ಬಂದ್ರು.

ಮೋದಕ

ಈಗ ರಾಜನ ಕಡೆ ಬರೋಣ, ಯಾಕಂದ್ರೆ ಈ ಫೈಲಲ್ಲಿ ರಾಜನ ಮೊದಲ ಎಂಟ್ರೀನೂ ತಿಂಡಿಯಿಂದಾನೇ. ಸಾತವಾಹನ ರಾಣಿಯರ ಜೊತೆ ನೀರಾಟ ಆಡ್ತಿರ್ತಾನೆ. ಸುಸ್ತಾದ ಒಬ್ಬ ರಾಣಿ ಸಂಸ್ಕೃತದಲ್ಲಿ "ಮೋದಕೈಃ" ಹೊಡೀರಿ ಅಂತಾಳೆ. ಮಾ ಉದಕೈಃ, ಅಂದ್ರೆ ನೀರು ಎರಚಬೇಡ ಅಂತ. ಸಂಧಿ ಆಗಿ ಮೋದಕೈಃ ಆಗಿದೆ. ರಾಜನಿಗೆ ಸಂಧಿ ಬರಲ್ಲ, ಮೋದಕ ಅಂತ ಕೇಳಿಸ್ತು, ಆಳುಗಳನ್ನ ಕರೆದು ತಟ್ಟೆಗಟ್ಟಲೆ ಮೋದಕ ತರಿಸಿಬಿಟ್ಟ. ರಾಣಿ ಬಿದ್ದು ಬಿದ್ದು ನಕ್ಕು, ನೀರಲ್ಲಿ ಮೋದಕ ಯಾಕೆ ಬರುತ್ತೆ, ಇಷ್ಟೂ ವ್ಯಾಕರಣ ಗೊತ್ತಿಲ್ವಾ ಅಂದ್ಳು. ಸುತ್ತ ಇದ್ದೋರೂ ನಕ್ಕರು. ರಾಜ ಮುಖ ಸಣ್ಣ ಮಾಡ್ಕೊಂಡು ಊಟ ನಿದ್ದೆ ಬಿಟ್ಟು ಮಲಗಿದ.

ಇದನ್ನ ಎಲ್ರೂ ಜೋಕ್ ಥರ ಹೇಳಿ ಮುಂದೆ ಹೋಗ್ತಾರೆ, ಸಂಸ್ಕೃತ ಮೇಷ್ಟ್ರುಗಳಿಗಂತೂ ಸಂಧಿ ಪಾಠಕ್ಕೆ ಫೇವರಿಟ್. ನನಗೆ ಮಾತ್ರ ಇದು ಕೇಸಿನ ಮೊದಲ್ನೇ ಲಕ್ಷಣ ಅನ್ಸುತ್ತೆ. ಈ ರಾಜನ ಕಿವಿಗೆ ಬಿದ್ದ ಮಾತು ಅರ್ಥ ಆಗೋ ಮುಂಚೆನೇ ತಟ್ಟೆಗೆ ಬಂದುಬಿಡುತ್ತೆ. ಇದನ್ನ ಸ್ವಲ್ಪ ನೆನಪಲ್ಲಿಟ್ಕೊಳ್ಳಿ.

ರಾಜನಿಗೆ ವ್ಯಾಕರಣ ಕಲಿಸೋರು ಯಾರು ಅಂತ ಆಯ್ತು. ಗುಣಾಢ್ಯ, ಅಂದ್ರೆ ಭೂಮಿಗೆ ಬಿದ್ದ ಮಾಲ್ಯವಂತ, ಆಗ ಅಲ್ಲಿ ಮಂತ್ರಿ. ಎಲ್ಲರಿಗೂ 12 ವರ್ಷ ಹಿಡಿಯುತ್ತೆ, ನಾನು 6 ವರ್ಷದಲ್ಲಿ ಕಲಿಸ್ತೀನಿ ಅಂದ. ಶರ್ವವರ್ಮ ಅನ್ನೋ ಇನ್ನೊಬ್ಬ ಮಂತ್ರಿ ಎದ್ದು ನಾನು 6 ತಿಂಗಳಲ್ಲಿ ಕಲಿಸ್ತೀನಿ ಅಂದ, ಆಗ್ಲಿಲ್ಲ ಅಂದ್ರೆ 12 ವರ್ಷ ನಿನ್ನ ಪಾದುಕೆ ತಲೆ ಮೇಲೆ ಹೊರ್ತೀನಿ ಅಂತಾನೂ ಸೇರಿಸಿದ. (ಕ್ರ್ಯಾಶ್ ಕೋರ್ಸ್ ಜಾಹೀರಾತು ಅವತ್ತೂ ಇತ್ತು.) ಗುಣಾಢ್ಯ ಸಿಟ್ಟಲ್ಲಿ, ನೀನು ಹಂಗೆ ಕಲಿಸಿದ್ರೆ ನಾನು ಸಂಸ್ಕೃತ, ಪ್ರಾಕೃತ, ದೇಶಭಾಷೆ ಮೂರೂ ಬಿಟ್ಟೆ ಅಂದುಬಿಟ್ಟ. ಶರ್ವವರ್ಮ ಕುಮಾರಸ್ವಾಮಿಯನ್ನ ಒಲಿಸ್ಕೊಂಡು ಕಾತಂತ್ರ ಅನ್ನೋ ಚಿಕ್ಕ ವ್ಯಾಕರಣ ಪಡೆದು ಬಂದು ನಿಜಕ್ಕೂ ಕಲಿಸಿಬಿಟ್ಟ. ಅಲ್ಲಿಗೆ ಗುಣಾಢ್ಯನ ಬಾಯಿ ಬಂದ್. ಮನುಷ್ಯರು ಆಡೋ ಮೂರೂ ಭಾಷೆ ಕಳ್ಕೊಂಡು ಗುಣದೇವ, ನಂದಿದೇವ ಅನ್ನೋ ಇಬ್ಬರು ಶಿಷ್ಯರ ಜೊತೆ ಮೂಗನ ಹಾಗೆ ಕಾಡಿಗೆ ಹೋದ.

ಅಲ್ಲಿ ಪಿಶಾಚಗಳು ಮಾತಾಡೋದನ್ನ ಕೇಳಿ ಕೇಳಿ ನಾಲ್ಕನೇ ಭಾಷೆ ಕಲಿತ. ಪೈಶಾಚಿ. ಈ ಭಾಷೆ ಸುಮ್ನೆ ಕಥೆಗೆ ಕಟ್ಟಿದ್ದಲ್ಲ, ಪ್ರಾಕೃತ ವ್ಯಾಕರಣಗಳಲ್ಲಿ ಇದಕ್ಕೆ ನಿಯಮಗಳಿವೆ, ಗಗನ ಅನ್ನೋದು ಗಕನ ಆಗುತ್ತೆ, ಮೇಘ ಮೇಖ ಆಗುತ್ತೆ, ರಾಜಾ ರಾಚಾ ಆಗುತ್ತೆ. ಬಾಯಲ್ಲಿ ಹೇಳಿ ನೋಡಿ, ಗಂಟಲಿನ ಗುಂಯ್‌ಗುಡೋ ದನಿ ಹೋಗಿ ಒಣಗಿದ ಕಟ್ಟಿಗೆ ಮುರಿದ ಹಾಗೆ ಕೇಳುತ್ತೆ. ತಮಾಷೆ ಏನಂದ್ರೆ ಈ ನಿಯಮಗಳಿರೋ ಒಂದು ವ್ಯಾಕರಣದ ಕರ್ತೃ ಹೆಸರೂ ವರರುಚಿ ಅಂತಾನೇ. ಹಳೇ ಸಂಸ್ಕೃತ ಕವಿ ದಂಡಿ ತನ್ನ ಕಾವ್ಯಾದರ್ಶದಲ್ಲಿ, ಗುಣಾಢ್ಯನ ಬೃಹತ್ಕಥೆ ಭೂತಭಾಷೆಯಲ್ಲಿ, ಅಂದ್ರೆ ಇದೇ ಪೈಶಾಚಿಯಲ್ಲಿದೆ ಅಂತಾರೆ, ಅದ್ಭುತ ಅರ್ಥದ್ದು ಅಂತಾರೆ ಅಂತ ಬರ್ದಿದಾನೆ.

ಕಾಣಭೂತಿ ಹೇಳ್ತಾ ಹೋದ, ಗುಣಾಢ್ಯ ಬರೀತಾ ಹೋದ, 7 ವರ್ಷ, 7 ಲಕ್ಷ ಶ್ಲೋಕ. ಲೆಕ್ಕ ಹಾಕಿ ನೋಡ್ದೆ, ವರ್ಷಕ್ಕೆ ಒಂದು ಲಕ್ಷ, ದಿನಕ್ಕೆ ಸುಮಾರು 274 ಶ್ಲೋಕ, ಒಂದಕ್ಕೆ 32 ಅಕ್ಷರ ಅಂದ್ರೂ ದಿನಾ 8,700ಕ್ಕಿಂತ ಜಾಸ್ತಿ ಅಕ್ಷರ. ಕಾಡಲ್ಲಿ ಮಸಿ ಎಲ್ಲಿ ಸಿಗುತ್ತೆ, ತನ್ನ ರಕ್ತದಲ್ಲೇ ಬರೆದ. ಕೇಳೋಕೆ ಸಿದ್ಧರು ವಿದ್ಯಾಧರರು ಎಲ್ಲಾ ಬಂದು ಆಕಾಶಕ್ಕೆ ಚಪ್ಪರ ಹಾಕಿದಂಗೆ ಆಗಿತ್ತಂತೆ. ಮುಗಿದ ತಕ್ಷಣ ಕಾಣಭೂತಿ ಶಾಪ ಕಳ್ಕೊಂಡು ಹೋದ, ಅವನ ಜೊತೆಗಿದ್ದ ಪಿಶಾಚಗಳೂ ಕಥೆ ಕೇಳಿದ್ದಕ್ಕೇ ಸ್ವರ್ಗಕ್ಕೆ ಹೋದ್ವು.

ಗಮನಿಸಿ, ಕಥೆ ತಗೊಂಡ ಮೊದಲ ಗುಂಪಿಗೆ ಆಗಿದ್ದು ಇದು. ಹಗುರ ಆದ್ರು, ಹಾರಿದ್ರು. ಕಥೆ ಬರೆದೋನ ಮೈಯಿಂದ ಮಾತ್ರ ರಕ್ತ ಹೋಯ್ತು.

ರಾಜ ಬೇಡ ಅಂದಿದ್ದು

ಲೋಕಕ್ಕೆ ಹರಡಬೇಕಲ್ಲ, ಇಷ್ಟು ದೊಡ್ಡದನ್ನ ಹರಡೋಕೆ ರಾಜನೇ ಸರಿ ಅಂತ ಶಿಷ್ಯರ ಕೈಲಿ ಕೊಟ್ಟು ಸಾತವಾಹನನ ಹತ್ರ ಕಳಿಸಿದ. ರಾಜ ಈಗ ವ್ಯಾಕರಣ ಕಲಿತವನು, ಹೊಸದಾಗಿ ಓದು ಕಲಿತೋರ ಜಂಭ ಕೇಳ್ಬೇಕಾ. ಏಳು ಲಕ್ಷ ಅಂದ್ರೆ ಅಳತೆ ಏನೋ ಇದೆ, ಭಾಷೆ ಪಿಶಾಚಿದು, ನೀರಸ, ಅಕ್ಷರ ನೋಡಿದ್ರೆ ರಕ್ತದಲ್ಲಿದೆ, ಥೂ ಈ ಪಿಶಾಚಿ ಕಥೆ ಅಂದ. ನೀರಸ ಅನ್ನೋ ಪದ ಮೂಲದಲ್ಲೇ ಇದೆ. ರಸ ಇಲ್ಲದ್ದು ಅಂತ.

ಶಿಷ್ಯರು ವಾಪಸ್ ತಂದ್ರು. ಗುಣಾಢ್ಯ ಹತ್ತಿರದ ಬೆಟ್ಟದ ಮೇಲೆ ಚೆನ್ನಾಗಿರೋ ಒಂದು ಜಾಗ ನೋಡಿ ಹೊಂಡ ತೆಗೆದು ಬೆಂಕಿ ಹಾಕಿದ. ಸುಮ್ನೆ ಒಟ್ಟಿಗೆ ಸುಡಬಹುದಿತ್ತು. ಇವನು ಒಂದೊಂದು ಎಲೆ ಎತ್ಕೊಂಡು, ಪೂರಾ ಓದಿ, ಆಮೇಲೆ ಹಾಕಿದ. ಶಿಷ್ಯರು ಅಳ್ತಾ ನೋಡ್ತಿದ್ರು. ಅವರಿಗೆ ಇಷ್ಟ ಅಂತ ನರವಾಹನದತ್ತ ಅನ್ನೋ ರಾಜಕುಮಾರನ ಕಥೆ ಒಂದು ಲಕ್ಷ ಶ್ಲೋಕ ಮಾತ್ರ ಎತ್ತಿಟ್ಟ. ಜಿಂಕೆ, ಹಂದಿ, ಕಾಡೆಮ್ಮೆ ಎಲ್ಲಾ ಹುಲ್ಲು ಬಿಟ್ಟು ಬಂದು ಸುತ್ತಲೂ ಮಂಡಲ ಕಟ್ಟಿದ ಹಾಗೆ ಅಲ್ಲಾಡದೆ ನಿಂತು ಕಣ್ಣೀರು ಹಾಕ್ತಾ ಕೇಳಿದ್ವು.

ಎಷ್ಟು ದಿನ ನಿಂತಿರಬಹುದು? ಸೋಮದೇವ ಹೇಳಲ್ಲ, ನಾನೇ ಕ್ಯಾಲ್ಕುಲೇಟರ್ ತಗೊಂಡೆ. ಶ್ಲೋಕಕ್ಕೆ 15 ಸೆಕೆಂಡ್ ಅಂತ ಇಟ್ಕೊಳ್ಳಿ, ಆರು ಲಕ್ಷಕ್ಕೆ 2,500 ಗಂಟೆ. ದಿನಕ್ಕೆ 10 ಗಂಟೆ ಓದಿದ್ರೂ 250 ದಿನ, ಎಂಟು ತಿಂಗಳ ಮೇಲೆ. ಅಷ್ಟು ದಿನ ಹಗಲು ಹೊತ್ತು ಮೇವು ತಪ್ಪಿಸಿದ್ರೆ ಯಾವ ಪ್ರಾಣಿ ಆದ್ರೂ ಮೂಳೆ ಚಕ್ಕಳ ಆಗುತ್ತೆ. ಫ್ಯಾಂಟಸಿನೇ ಇರಲಿ, ಗಣಿತ ತಪ್ಪಿಲ್ಲ.

ಬಾಯಲ್ಲಿರೋ ತುತ್ತು

ಇಲ್ಲಿಗೆ ನಾನು ಸಿಕ್ಕಾಕ್ಕೊಂಡೆ. ಪಿಶಾಚಗಳು ಕೇಳಿ ಸ್ವರ್ಗಕ್ಕೆ ಹೋದ್ವು, ಜಿಂಕೆಗಳು ಕೇಳಿ ಸೊರಗಿದ್ವು, ಕಥೆ ಒಂದೇ. ಯಾಕೆ?

ಉತ್ತರ ಸಿಕ್ಕಿದ್ದು ಅಕ್ಕನ ಮನೇಲಿ. ಅಕ್ಕನ ಮಗಳಿಗೆ ನಾಲ್ಕು ವರ್ಷ, ಊಟ ಮಾಡಿಸೋದು ಅಂದ್ರೆ ಯುದ್ಧ. ಅಮ್ಮ, ಅಂದ್ರೆ ಅವಳ ಅಜ್ಜಿ, ಮೊಸರನ್ನ ಕಲಸಿ ಕೈತುತ್ತು ಹಿಡ್ಕೊಂಡು ಕಾಗಕ್ಕ ಗುಬ್ಬಕ್ಕ ಶುರು ಮಾಡಿದ್ರೆ ಬಾಯಿ ತಂತಾನೇ ತೆರೆಯುತ್ತೆ. ಎಲ್ಲ ಮನೇಲೂ ನಡೆಯೋದೇ ಇದು. ಅವತ್ತು ಮಳೆ, ಗುಬ್ಬಕ್ಕನ ಮನೆ ಬಾಗಿಲು ಕಾಗಕ್ಕ ತಟ್ತಾ ಇದೆ, ತಾಳು ನನ್ನ ಮಗುಗೆ ನೀರು ಹಾಕ್ತಿದೀನಿ ಅಂತ ಗುಬ್ಬಕ್ಕ ಒಳಗಿಂದ ಹೇಳ್ತಿದೆ, ಮಗು ಕಣ್ಣು ಬಿಟ್ಕೊಂಡು ಕೇಳ್ತಾ ಇದಾಳೆ, ಬಲಗೆನ್ನೆ ಉಬ್ಬಿದೆ. ತುತ್ತು ಅಲ್ಲೇ ಇದೆ. ಅಗಿಯೋದು ಮರೆತಿದಾಳೆ. ತುಟಿ ಮೂಲೆಯಿಂದ ಮೊಸರಿನ ನೀರು ಗದ್ದಕ್ಕೆ ಇಳೀತಾ ಇದೆ, ಗೊತ್ತೇ ಇಲ್ಲ. "ನುಂಗೇ, ನುಂಗು" ಅಂತ ಅಮ್ಮ ಗದ್ದ ಹಿಡಿದು ಅಲ್ಲಾಡಿಸಿದ್ರೆ, ತುತ್ತು ಕೆನ್ನೆಗೆ ಇನ್ನೂ ಒತ್ತಿಕೊಂಡು "ಆಮೇಗೆ?" ಅಂತಾಳೆ. ಆಮೇಲೆ ಅನ್ನೋಕೂ ಬಾಯಲ್ಲಿ ಜಾಗ ಇಲ್ಲ.

ನಾವೆಲ್ಲ ಅಂದ್ಕೊಂಡಿರೋದು ಕಥೆ ಊಟ ಮಾಡಿಸುತ್ತೆ ಅಂತ. ಅದು ಬಾಯಿ ತೆಗೆಸುತ್ತೆ, ಅಷ್ಟೇ. ನುಂಗೋ ಹೊತ್ತಿಗೆ ಕಥೆ ಅಡ್ಡ ನಿಂತಿರುತ್ತೆ. ಜಿಂಕೆಗೂ ಆಗಿದ್ದು ಇದೇ. ಹಸಿವು ಹೋಗ್ಲಿಲ್ಲ, ಹಸಿವಿನ ಸುದ್ದಿ ತಲೆಗೆ ಮುಟ್ಟಲಿಲ್ಲ. ಮೈ ಮಾತ್ರ ತನ್ನ ಲೆಕ್ಕ ತಾನು ಬರ್ಕೊಳ್ತಾ ಹೋಯ್ತು, ಇವತ್ತಿನ ಹುಲ್ಲು ಬಾಕಿ, ನಾಳೆದು ಬಾಕಿ ಅಂತ. ಪಿಶಾಚಕ್ಕೆ ಆ ಲೆಕ್ಕದ ಪುಸ್ತಕಾನೇ ಇಲ್ಲ, ಅದಕ್ಕೆ ಹುಲ್ಲೂ ಬೇಡ ನೀರೂ ಬೇಡ, ಶಾಪ ಒಂದೇ ಬಾಕಿ ಇತ್ತು, ಅದು ತೀರ್ತು.

ಹಂಗಾದ್ರೆ ಕಥೆ ತಿಂದೋರು ಯಾರು

ಇಲ್ಲೇ ನನಗೆ ಇಡೀ ಕೇಸು ಮಗ್ಗುಲು ಬದಲಾಯಿಸ್ತು. ಸುಟ್ಟುಹೋದ ಆರು ಲಕ್ಷ ಶ್ಲೋಕ ಎಲ್ಲಿ ಹೋಯ್ತು? ಎಲೆ ಬೂದಿ ಆಯ್ತು. ಶಿಷ್ಯರ ಕಿವಿಗೂ ಬಿದ್ದಿರುತ್ತೆ, ಆದ್ರೆ ಅವರು ಉಳಿದ ಒಂದು ಲಕ್ಷದ ಹಿಂದೆ ಹೋದ್ರು, ಸುಟ್ಟಿದ್ದನ್ನ ಮತ್ತೆ ಹೇಳಿದ ಸುದ್ದಿ ಇಲ್ಲ. ಅದನ್ನ ಮನಸಿಟ್ಟು, ಕಣ್ಣೀರು ಹಾಕ್ಕೊಂಡು, ಊಟ ಬಿಟ್ಟು ಕೇಳಿದ ಶ್ರೋತೃಗಳು ಜಿಂಕೆ ಹಂದಿ ಕಾಡೆಮ್ಮೆ. ಅವುಗಳನ್ನ ಬೇಡರು ಹೊಡೆದ್ರು. ಬೇಡರಿಂದ ಅಡುಗೆಮನೆಗೆ ಬಂತು. ಅಡುಗೆಮನೆಯಿಂದ ರಾಜನ ತಟ್ಟೆಗೆ.

ಓದಲ್ಲ ಅಂದವನು ತಿಂದ!

ಮತ್ತೆ ಹೇಗೆ ತಿಂದ ನೋಡಿ. ಇವನು ಕಥೆಯನ್ನ ನೀರಸ ಅಂದಿದ್ದ, ಅವನಿಗೆ ಬಂದಿದ್ದು ಶುಷ್ಕ ಮಾಂಸ, ವೈದ್ಯರ ಬಾಯಲ್ಲಿ ಸೋಮದೇವ ಇಡೋ ಪದಾನೇ ಅದು. ರಸ ಇಲ್ಲ ಅಂತ ಎಸೆದಿದ್ದು ರಸ ಇಲ್ಲದ ತುಂಡಾಗಿ ವಾಪಸ್ ಬಂತು. ಪಿಶಾಚಿ ಕಥೆ ಅಂತ ಥೂ ಅಂದೋನು ದಿನಾ ಮಾಂಸ ತಿಂತಾ ಕೂತಿದಾನೆ, ಮಾಂಸ ತಿನ್ನೋನು ಅಂತ ಹೆಸರು ಹೊತ್ತ ಪಿಶಾಚ ಕಥೆ ಕೇಳಿ ಸ್ವರ್ಗಕ್ಕೆ ಹೋಗಿದಾನೆ. ಮೋದಕದ ಪ್ರಸಂಗ ನೆನಪಿಟ್ಕೊಳ್ಳಿ ಅಂದಿದ್ನಲ್ಲ, ಅವತ್ತೂ ಇವನು ಕಿವಿಯಿಂದ ತಗೋಬೇಕಾದ್ದನ್ನ ತಟ್ಟೆಯಲ್ಲಿ ತರಿಸ್ಕೊಂಡ. ಆಮೇಲೆ 6 ತಿಂಗಳು ವ್ಯಾಕರಣ ಓದಿದಾನೆ, ಸಂಧಿ ಬಿಡಿಸೋದು ಬಂತು, ಕೇಳೋದು ಬರ್ಲಿಲ್ಲ.

ಇದು ಸೋಮದೇವ ಬಾಯಿಬಿಟ್ಟು ಹೇಳಿರೋ ಮಾತಲ್ಲ, ನನ್ನ ಓದು. ಅವನು ವೈದ್ಯ, ಅಡುಗೆಯವರು, ಬೇಡರು ಅಂತ ಸಾಲಾಗಿ ನಿಲ್ಲಿಸಿ ಸುಮ್ನಾಗ್ತಾನೆ. ಆದ್ರೆ ರಾಜನ ಕಿವಿಗೆ ಸುದ್ದಿ ತಲುಪಿಸೋಕೆ ಕವಿಗೆ ನೂರು ದಾರಿ ಇತ್ತು, ಒಬ್ಬ ಗೂಢಚಾರ ಸಾಕಿತ್ತು, ಕನಸು ಬೀಳಿಸಬಹುದಿತ್ತು. ಅಡುಗೆಮನೆ ದಾರೀನೇ ಹಿಡಿದಿದಾನೆ ಅಂದ್ರೆ ಸುಮ್ನೆ ಅಲ್ಲ ಅಂತ ನನ್ನ ನಂಬಿಕೆ.

ರಾಜ ಓಡಿ ಬೆಟ್ಟಕ್ಕೆ ಬಂದ. ಜಟೆ ಬಿಟ್ಕೊಂಡು ಕೂತಿದ್ದ ಗುಣಾಢ್ಯನ ಗುರುತು ಹಿಡಿದು ಕಾಲಿಗೆ ಬಿದ್ದ, ಕಥೆ ಕೊಡು ಅಂದ. ಗುಣಾಢ್ಯ, ಆರು ಲಕ್ಷ ಸುಟ್ಟಾಯ್ತು, ಒಂದು ಲಕ್ಷ ಇದೆ ತಗೋ, ಈ ಶಿಷ್ಯರು ಅರ್ಥ ಹೇಳ್ತಾರೆ ಅಂತ ಹೇಳಿ ದೇಹ ಬಿಟ್ಟ. ಜಗಳ ಇಲ್ಲ, ಚುಚ್ಚು ಮಾತಿಲ್ಲ. ಶಿಷ್ಯರಿಗೆ ರಾಜ ಭೂಮಿ ಬಂಗಾರ ಎಲ್ಲಾ ಕೊಟ್ಟು, ಅವರ ಸಹಾಯದಿಂದ ಈ ಕಥೆ ಭೂಮಿಗೆ ಹೇಗೆ ಬಂತು ಅನ್ನೋ ಕಥಾಪೀಠಾನ ಬರೆಸಿ ಸೇರಿಸಿದ. ಅಂದ್ರೆ ತನ್ನ ಮೋದಕದ ಮಾನಭಂಗ, ಒಣ ಮಾಂಸದ ಕಾಯಿಲೆ ಎಲ್ಲಾ ತಾನೇ ಫೈಲಿಗೆ ಹಾಕಿಸಿದ. ಆ ಒಂದು ವಿಷಯಕ್ಕೆ ರಾಜನ ಮೇಲೆ ನನಗೆ ಗೌರವ ಇದೆ.

ಆ ಒಂದು ಲಕ್ಷದ ಪೈಶಾಚಿ ಪ್ರತೀನೂ ನಮಗೆ ಉಳೀಲಿಲ್ಲ. ಸೋಮದೇವನದ್ದು 18 ಲಂಬಕ (ದೊಡ್ಡ ಭಾಗ), 124 ತರಂಗ (ಅಧ್ಯಾಯ), 21 ಸಾವಿರಕ್ಕೂ ಮೇಲೆ ಶ್ಲೋಕ. ಅವನಿಗಿಂತ ಸ್ವಲ್ಪ ಮುಂಚೆ ಅದೇ ಕಾಶ್ಮೀರದ ಕ್ಷೇಮೇಂದ್ರ ಮಾಡಿದ ಬೃಹತ್ಕಥಾಮಂಜರಿ ಸುಮಾರು 7,500 ಅಷ್ಟೇ. ಏಳು ಲಕ್ಷ, ಒಂದು ಲಕ್ಷ, ಇಪ್ಪತ್ತೊಂದು ಸಾವಿರ, ಏಳೂವರೆ ಸಾವಿರ. ಜಿಂಕೆ ಜೊತೆ ಕಥೇನೂ ಸೊರಗ್ತಾ ಬಂದಿದೆ ನೋಡಿ. ನಮ್ಮ ಕಡೆಗೂ ಇದರ ಒಂದು ಕವಲು ಬಂದಿತ್ತು. 6ನೇ ಶತಮಾನದ ಗಂಗ ರಾಜ ದುರ್ವಿನೀತ, ಕವಿರಾಜಮಾರ್ಗ ಹಳೇ ಗದ್ಯ ಲೇಖಕರ ಸಾಲಲ್ಲಿ ಹೆಸರಿಸೋ ದುರ್ವಿನೀತ, ವಡ್ಡಕಥೆ ಅಂತ ಕರೀತಿದ್ದ ಇದೇ ಬೃಹತ್ಕಥೆಯನ್ನ ದೇವಭಾರತಿಗೆ, ಅಂದ್ರೆ ಸಂಸ್ಕೃತಕ್ಕೆ ತಂದ ಅಂತ ಗುಮ್ಮರೆಡ್ಡಿಪುರದ ತಾಮ್ರಶಾಸನದಲ್ಲಿದೆ. ಅದೂ ಸಿಕ್ಕಿಲ್ಲ. ಚಾಲುಕ್ಯ ಜಯಸಿಂಹನ ಕಾಲದ ದುರ್ಗಸಿಂಹ ಕನ್ನಡದಲ್ಲಿ ಬರೆದ ಪಂಚತಂತ್ರ ಮಾತ್ರ ಸಿಕ್ಕಿದೆ, ವಸುಭಾಗಭಟ್ಟ ಅನ್ನೋನು ಗುಣಾಢ್ಯನ ಬೃಹತ್ಕಥೆಯಿಂದ ಆರಿಸಿಕೊಂಡ ಕಥೆಗಳಿವು ಅಂತ ದುರ್ಗಸಿಂಹನೇ ಹೇಳ್ಕೊಂಡಿದಾನೆ. ಅದರ ತುಂಬಾ ಮಾತಾಡೋ ಪ್ರಾಣಿಗಳು. ಅವತ್ತು ಬೆಟ್ಟದ ಮೇಲೆ ಕೇಳಿಸ್ಕೊಂಡಿದ್ದವೇ ಕನ್ನಡಕ್ಕೆ ಬಂದು ಬಾಯಿ ಬಿಟ್ಟವೇನೋ ಅಂತ ಸುಮ್ನೆ ಒಂದು ಖುಷಿ, ಆಧಾರ ಕೇಳಬೇಡಿ.

ನನ್ನ ಕಥೆಪೋತಕ್ಕೆ ಏನು ಮಾಡ್ದೆ ಅಂದ್ರೆ, ಹಲ್ಲು ಕಿತ್ತೆ. ಈಗ ಅದು ಊರಿಗೆ ನುಗ್ಗಲ್ಲ, ಜಗಲಿ ಹತ್ರ ಬಂದು ನಿಂತ್ಕೊಳ್ಳುತ್ತೆ, ದಿನಾ ಸಣ್ಣ ಆಗ್ತಾ ಹೋಗುತ್ತೆ, ಅದನ್ನ ನೋಡಿ ಅಜ್ಜಿಗೆ ಹೇಳೋದು ನಿಲ್ಲಿಸಬೇಕಾ ಬೇಡ್ವಾ ಅನ್ನೋ ಸಂಕಟ. ಕಥೆ ಊರಿಂದ ಮರೆತುಹೋಗೋದನ್ನೂ ತೆಗೆದುಹಾಕಿದೆ. ಯಾರೋ ಬೇಟೆ ಆಡಿ ಅದರ ಮಾಂಸ ಸಂತೆಗೆ ತರೋ ಅಧ್ಯಾಯ ಬರೀಬೇಕು, ಅದನ್ನ ಯಾರು ತಿಂತಾರೆ ಅಂತ ಇನ್ನೂ ತೀರ್ಮಾನ ಮಾಡಿಲ್ಲ.

ಮೊನ್ನೆ ಅಮ್ಮನಿಗೆ ಗಂಟಲು ಕಟ್ಟಿತ್ತು ಅಂತ ಊಟದ ಹೊತ್ತಿಗೆ ಮಗುಗೆ ನಾನೇ ಈ ಕಥೆ ಹೇಳ್ದೆ, ಬೇಟೆ ಭಾಗ ಬಿಟ್ಟು. ಬೆಟ್ಟ, ಬೆಂಕಿ, ಎಲೆ, ಜಿಂಕೆ. ಕೆನ್ನೆ ಉಬ್ಬಿತ್ತು. ಜಿಂಕೆ ಆಮೇಲೆ ಊಟ ಮಾಡ್ತಾ ಮಾಮ ಅಂತ ಹೆಂಗೋ ಕೇಳಿದ್ಳು. ಸೋಮದೇವ ಅದರ ಬಗ್ಗೆ ಒಂದಕ್ಷರ ಬರ್ದಿಲ್ಲ. ಹೂಂ, ಬೆಂಕಿ ಆರಿದ ಮೇಲೆ ಹುಲ್ಲು ತಿನ್ನೋಕೆ ಹೋಯ್ತು ಅಂದೆ. ಯಾವ ಹುಲ್ಲು ಅಂದ್ಳು. ಗರಿಕೆ ಅಂದೆ. ಸ್ವಲ್ಪ ಹೊತ್ತು ನನ್ನೇ ನೋಡಿ, ಆಮೇಲೆ ನುಂಗಿದ್ಳು.